ಹಿಂದಿ ಸಿನಿಮಾದಲ್ಲಿ ಮೇಜರ್, ಕರ್ನಲ್, ಬ್ರಿಗೇಡಿಯರ್ ಆಗೋ ಕೆಲಸ: ಪದೇ ಪದೇ ಕೇಳುವ ಪ್ರಶ್ನೆಗಳು

ಮಾಟುಂಗಾದ ಮೈಸೂರು ಅಸೋಸಿಯೇಶನ್‌ಗೆ ನಾಟಕ ನೋಡೋಕೆ ಬಂದೋರಿಂದ ಹಿಡಿದು ಡೊಂಬಿವ್ಲಿಲಿ ನಮ್ ಸೊಸೈಟಿ ಲಿಫ್ಟಲ್ಲಿ ಸಿಗೋರ ತನಕ ಎಲ್ರೂ ಕೇಳೋದು ಹೆಚ್ಚುಕಮ್ಮಿ ಇವನ್ನೇ. ಹೇಳಿ ಹೇಳಿ ಬಾಯಿಪಾಠ ಆಗೋಗಿದೆ, ಅದಕ್ಕೇ ಒಂದೇ ಸಲ ಕೂತು ಟೈಪ್ ಮಾಡಿ ಇಟ್ಟಿದೀನಿ, ಇನ್ಮೇಲೆ ಕೇಳಿದೋರಿಗೆ ಇದನ್ನೇ ಫಾರ್ವರ್ಡ್ ಮಾಡೋದು.

ನಿಮ್ಮನ್ನ ಎಲ್ಲೋ ನೋಡಿದೀನಿ, ಯಾವುದ್ರಲ್ಲಿ?

ಹೀರೋನ ಕ್ಯಾಬಿನ್‌ಗೆ ಕರೆಸಿ, ಎದುರು ನಿಲ್ಲಿಸ್ಕೊಂಡು, ವಾಪಸ್ ಬರೋ ಗ್ಯಾರಂಟಿ ಇಲ್ಲ ಅಂತ ಹೇಳಿ ಫೈಲ್ ಮುಚ್ತಾನಲ್ಲ ಒಬ್ಬ, ಅವನೇ ನಾನು. ಇಲ್ಲಾಂದ್ರೆ ಮ್ಯಾಪ್ ಮೇಲೆ ಕೋಲಿಟ್ಟು ಬೆಟ್ಟದ ಪಾಸ್ ತೋರಿಸೋನು, ಇಲ್ಲಾ ಕೊನೇಲಿ ತಾಯಿ ಕೈಗೆ ಮಡಚಿದ ಧ್ವಜ ಕೊಡೋನು. ಕ್ಯಾರೆಕ್ಟರ್ ಆಕ್ಟರ್ ಅಂದ್ರೆ ಇದೇ, ನಿಮಗೆ ಮುಖ ನೆನಪಿರತ್ತೆ ಹೆಸರು ಇರಲ್ಲ, ನನ್ ಹೆಸರು ಸ್ಕ್ರೀನ್ ಮೇಲೆ ಬರೋ ಹೊತ್ತಿಗೆ ಜನ ಪಾರ್ಕಿಂಗಲ್ಲಿ ಗಾಡಿ ತೆಗೀತಿರ್ತಾರೆ.

ನೀವು ನಿಜವಾಗ್ಲೂ ಆರ್ಮಿಲಿ ಇದ್ರಾ?

ಇಲ್ಲ. ಕಾಲೇಜಲ್ಲಿ ಎನ್‌ಸಿಸಿ, ಅಷ್ಟೇ. ಆದ್ರೆ ಈ ಫೀಲ್ಡಲ್ಲಿ ನಿಜವಾದ ಫೌಜಿಗಳು ಬೇಕಾದಷ್ಟು ಜನ ಇದ್ರು, ಇದಾರೆ. ಬಿಕ್ರಮ್‌ಜೀತ್ ಕನ್ವರ್‌ಪಾಲ್ ನೆನಪಿದೆಯಾ, ಮೇಜರ್ ಆಗಿ ರಿಟೈರ್ ಆಗಿ 2003ರ ಸುಮಾರಿಗೆ ಆಕ್ಟಿಂಗಿಗೆ ಬಂದೋರು, ಆಫೀಸರ್, ಪೊಲೀಸ್, ಕಂಪನಿ ಬಾಸ್ ಅಂತ ಎಷ್ಟೋ ಪಾತ್ರ ಮಾಡಿದ್ರು, 2021ರ ಮೇ 1ಕ್ಕೆ ಕೋವಿಡ್‌ಗೆ ಹೋಗ್ಬಿಟ್ರು. ಅವರ ಸೀನ್‌ಗಳನ್ನ ಸೌಂಡ್ ಆಫ್ ಮಾಡಿ ನೋಡಿ. ಕುರ್ಚಿಲಿ ಕೂತಾಗ್ಲೂ ಬೆನ್ನು ಹಿಂದಕ್ಕೆ ಒರಗಲ್ಲ, ಆದ್ರೆ ಬಿಗಿಯಾಗೂ ಕಾಣಲ್ಲ, ಅದನ್ನ ಕಾಪಿ ಮಾಡೋಕೆ ನಾನು ಇವತ್ತಿಗೂ ಒದ್ದಾಡ್ತಿದೀನಿ.

ಇದಕ್ಕೆ ಉಲ್ಟಾ ಕೇಸೂ ಇದೆ. ಅಚ್ಯುತ್ ಪೋತದಾರ್ ಸೇನೇಲಿ ಕ್ಯಾಪ್ಟನ್ ಆಗಿದ್ದೋರು, ಆಮೇಲೆ ಇಂಡಿಯನ್ ಆಯಿಲ್‌ನಲ್ಲಿ ವರ್ಷಾನುಗಟ್ಲೆ ನೌಕರಿ, ನೂರಕ್ಕೂ ಹೆಚ್ಚು ಸಿನಿಮಾ. ಆದ್ರೆ ದೇಶಕ್ಕೆಲ್ಲ ಅವರು ಗೊತ್ತಿರೋದು ಇಂಜಿನಿಯರಿಂಗ್ ಕಾಲೇಜಿನ ಮೇಷ್ಟ್ರಾಗಿ! ನಿಜವಾದ ಕ್ಯಾಪ್ಟನ್ ಮೇಷ್ಟ್ರಾಗ್ತಾರೆ, ಎನ್‌ಸಿಸಿ ಸಿ ಸರ್ಟಿಫಿಕೇಟ್‌ನವನು ಬ್ರಿಗೇಡಿಯರ್ ಆಗ್ತಾನೆ, ಕಾಸ್ಟಿಂಗ್ ಅಂದ್ರೆ ಇಷ್ಟೇ ಕಣ್ರೀ.

ಫಾರಿನ್‌ನಲ್ಲೂ ಹೀಗೆ ಮಿಲಿಟರಿ ಪಾತ್ರ ಮಾತ್ರ ಮಾಡೋರು ಇದಾರಾ?

ಆರ್. ಲೀ ಅರ್ಮಿ ಅಂತ ಒಬ್ರಿದ್ರು, ಅಮೆರಿಕದ ಮರೀನ್ಸಲ್ಲಿ ಡ್ರಿಲ್ ಇನ್‌ಸ್ಟ್ರಕ್ಟರ್. ಸ್ಟಾನ್ಲಿ ಕೂಬ್ರಿಕ್ 1987ರ ಸಿನಿಮಾಗೆ ಅವರನ್ನ ಕರ್ಕೊಂಡಿದ್ದು ಬರೀ ಸಲಹೆಗಾರ ಅಂತ, ಕೊನೆಗೆ ಆ ಸಾರ್ಜೆಂಟ್ ಪಾತ್ರ ಅವರಿಗೇ ಬಂತು, ಆಮೇಲೆ ಜೀವನಪೂರ್ತಿ ಅದೇ. 1995ರ ಗೊಂಬೆಗಳ ಕಾರ್ಟೂನ್ ಸಿನಿಮಾದಲ್ಲಿ ಹಸಿರು ಪ್ಲಾಸ್ಟಿಕ್ ಸೈನಿಕರ ಸಾರ್ಜೆಂಟ್‌ಗೂ ಅವರದ್ದೇ ದನಿ! ಇನ್ನೊಬ್ರು ಡೇಲ್ ಡೈ, ವಿಯೆಟ್ನಾಂನಲ್ಲಿ ಇದ್ದೋರು, ನಟರನ್ನ ಕಾಡಿಗೆ ಕರ್ಕೊಂಡು ಹೋಗಿ ನಿದ್ದೆಗೆಡಿಸಿ ಟ್ರೇನಿಂಗ್ ಕೊಡೋ ಪದ್ಧತಿನ ಹಾಲಿವುಡ್‌ಗೆ ಹತ್ತಿಸಿದ್ದೇ ಅವರು, ನಡುನಡುವೆ ತಾವೂ ಕರ್ನಲ್ ಆಗಿ ಬಂದು ಹೋಗ್ತಾರೆ.

ನಮ್ಮಲ್ಲಿ ನಾನಾ ಪಾಟೇಕರ್ 1991ರಲ್ಲಿ ತಾವೇ ಡೈರೆಕ್ಟ್ ಮಾಡಿದ ಸಿನಿಮಾಗೋಸ್ಕರ ಸೇನೆ ಜೊತೆ ತರಬೇತಿ ತಗೊಂಡ್ರು, ಅದರಲ್ಲಿ ಕಾಣೋದು ನಮ್ ಬೆಳಗಾವಿ ಕಮಾಂಡೊ ಟ್ರೇನಿಂಗ್. ಆಮೇಲೆ 1999ರಲ್ಲಿ ಕಾರ್ಗಿಲ್ ಯುದ್ಧ ಆದಾಗ ನಿಜವಾಗ್ಲೂ ಯೂನಿಫಾರ್ಮ್ ಹಾಕ್ಕೊಂಡು ಹೋದ್ರು.

ದೊಡ್ಡ ದನಿ, ಆರಡಿ ಎತ್ತರ, ಸಿಕ್ಸ್ ಪ್ಯಾಕ್ ಇಲ್ದಿದ್ರೆ ಆಗಲ್ವಾ?

ಎತ್ತರ ಇದ್ರೆ ಲಾಭ, ಸುಳ್ಳು ಹೇಳಲ್ಲ. ಕಾಸ್ಟಿಂಗ್ ಗ್ರೂಪಲ್ಲಿ ಬರೋ ಮೆಸೇಜೇ ಹಾಗಿರತ್ತೆ, "ಆರ್ಮಿ ಆಫೀಸರ್, 35ರಿಂದ 45, ಐದಡಿ ಹತ್ತು ಪ್ಲಸ್, ಫಿಟ್, ಕ್ಲೀನ್ ಶೇವ್". ಆದ್ರೆ ಸಿಕ್ಸ್ ಪ್ಯಾಕ್ ಹೀರೋಗೆ. ನಿಜವಾದ ಇನ್‌ಫಂಟ್ರಿ, ಅಂದ್ರೆ ಕಾಲಾಳು ಪಡೆ ಆಫೀಸರ್‌ನ ನೋಡಿ, ಜಿಮ್ ಬಾಡಿ ಅಲ್ಲ ಅದು, ಓಡಿ ಓಡಿ ಒಣಗಿದ ಬಾಡಿ. ದನಿ ವಿಷ್ಯನೂ ಅಷ್ಟೇ, ಪೆರೇಡ್ ಗ್ರೌಂಡ್ ಬಿಟ್ರೆ ಯಾರೂ ಕಿರುಚಲ್ಲ, ಯಾಕಂದ್ರೆ ಅವರು ಮೆಲ್ಲಗೆ ಹೇಳಿದ್ರೂ ಕೆಲಸ ಆಗತ್ತೆ, ಅದು ಅವರಿಗೆ ಗೊತ್ತು.

ನನ್ ಪ್ರಕಾರ ಈ ಪಾತ್ರಗಳಲ್ಲಿ ತೋರಿಸ್ಬೇಕಾಗಿರೋದು ಶೌರ್ಯ ಅಲ್ಲ, ರೂಢಿ. ಶೌರ್ಯ ತೋರಿಸೋಕೆ ಹೀರೋ ಇದಾನೆ, ಮ್ಯೂಸಿಕ್ ಇದೆ, ಸ್ಲೋ ಮೋಷನ್ ಇದೆ. ನಮಗೆ ಸಿಗೋದು ನಾಲ್ಕು ಲೈನ್. ಆ ನಾಲ್ಕು ಲೈನಲ್ಲಿ ಈ ಮನುಷ್ಯ ಇಪ್ಪತ್ತು ವರ್ಷದಿಂದ ಇದನ್ನೇ ಮಾಡ್ಕೊಂಡು ಬಂದಿದಾನೆ ಅಂತ ನಂಬಿಸ್ಬೇಕು. ಅದು ಡೈಲಾಗಲ್ಲಿ ಬರಲ್ಲ, ಒಳಗೆ ಬಂದ ತಕ್ಷಣ ಕ್ಯಾಪ್ ತೆಗೆದು ಎಲ್ಲಿ ಇಡ್ತೀರಿ, ಸೀನಿಯರ್ ಮಾತಾಡ್ತಿರೋವಾಗ ಕೈ ಎಲ್ಲಿರತ್ತೆ, ಚಹಾ ತಂದ ಹುಡುಗನ ಕಡೆ ನೋಡ್ತೀರೋ ಇಲ್ವೋ, ಅಲ್ಲಿ ಬರತ್ತೆ.

ಒಂದು ಸಣ್ಣ ಉದಾಹರಣೆ. ನಾಯಬ್ ಸುಬೇದಾರ್, ಸುಬೇದಾರ್, ಸುಬೇದಾರ್ ಮೇಜರ್ ಅಂದ್ರೆ ಸಾಮಾನ್ಯವಾಗಿ ಸಿಪಾಯಿಯಾಗಿ ಸೇರಿ ಮೇಲೆ ಬಂದೋರು, ಇವರನ್ನ ಆಫೀಸರ್‌ಗಳು "ಸಾಬ್" ಅಂತಾನೇ ಕರೀತಾರೆ, ಇಪ್ಪತ್ತೈದು ವರ್ಷದ ಲೆಫ್ಟಿನೆಂಟ್‌ನ ಅಪ್ಪನ ವಯಸ್ಸಿರತ್ತೆ ಅವರಿಗೆ, ಮರ್ಯಾದೆ ಎರಡೂ ಕಡೆಯಿಂದ ನಡೆಯತ್ತೆ. ಸ್ಕ್ರಿಪ್ಟಲ್ಲಿ ಮಾತ್ರ ಆಫೀಸರ್ ಎಲ್ರಿಗೂ ಗದರಿಸ್ತಾ ಇರ್ತಾನೆ. ನಾನು ಡೈರೆಕ್ಟರ್ ಹತ್ರ ಹೋಗಿ ಒಂದು "ಸಾಬ್" ಸೇರಿಸ್ಲಾ ಅಂತ ಕೇಳ್ತೀನಿ, ಒಂದೇ ಪದ, ಯಾರೂ ಬೇಡ ಅನ್ನಲ್ಲ, ಸೀನ್ ಅಲ್ಲೇ ಬದಲಾಗತ್ತೆ. ಹಾಗೇ ವಾಕಿಟಾಕಿಲಿ "ಓವರ್ ಆಂಡ್ ಔಟ್" ಅಂತ ಬರೆದಿರ್ತಾರೆ. ಓವರ್ ಅಂದ್ರೆ ನಿನ್ ಉತ್ತರ ಹೇಳು, ಔಟ್ ಅಂದ್ರೆ ಮಾತು ಮುಗೀತು, ಎರಡೂ ಒಟ್ಟಿಗೆ ಹೇಗ್ರೀ ಆಗತ್ತೆ?

ನಾನು ಯಾವ ರ್ಯಾಂಕ್‌ಗೆ ಸೂಟ್ ಆಗ್ತೀನಿ?

ಕನ್ನಡಿ ಅಲ್ಲ, ಆಧಾರ್ ಕಾರ್ಡ್ ನೋಡಿ. ಎರಡು ವರ್ಷ ಸರ್ವಿಸಿಗೆ ಕ್ಯಾಪ್ಟನ್, ಆರಕ್ಕೆ ಮೇಜರ್, ಹದಿಮೂರಕ್ಕೆ ಲೆಫ್ಟಿನೆಂಟ್ ಕರ್ನಲ್. ಅಂದ್ರೆ ಮೇಜರ್ ಸಾಮಾನ್ಯವಾಗಿ ಮೂವತ್ತರ ಆಸುಪಾಸಿನ ಹುಡುಗ. ಐವತ್ತು ದಾಟಿದೋರನ್ನ ಮೇಜರ್ ಮಾಡಿದ್ರೆ ಫೌಜಿ ಮನೆಯೋರು ನಗ್ತಾರೆ. ಕರ್ನಲ್‌ಗೆ 54ಕ್ಕೆ ರಿಟೈರ್‌ಮೆಂಟ್, ಬ್ರಿಗೇಡಿಯರ್‌ಗೆ 56, ಮೇಜರ್ ಜನರಲ್‌ಗೆ 58, ಲೆಫ್ಟಿನೆಂಟ್ ಜನರಲ್‌ಗೆ 60. ತಲೆ ಬೆಳ್ಳಗಾಗ್ತಾ ಹೋದ ಹಾಗೆ ನಮಗೆ ಪ್ರಮೋಷನ್ ತಾನಾಗೇ ಸಿಗತ್ತೆ, ಪೇಮೆಂಟ್ ಮಾತ್ರ ಆಗಲ್ಲ.

ಭುಜ ನೋಡೋದು ಕಲೀರಿ: ಎರಡು ಸ್ಟಾರ್ ಲೆಫ್ಟಿನೆಂಟ್, ಮೂರು ಕ್ಯಾಪ್ಟನ್, ಬರೀ ಸಿಂಹದ ಲಾಂಛನ ಇದ್ರೆ ಮೇಜರ್, ಅದರ ಜೊತೆ ಒಂದು ಸ್ಟಾರ್ ಲೆಫ್ಟಿನೆಂಟ್ ಕರ್ನಲ್, ಎರಡು ಕರ್ನಲ್, ಮೂರು ಬ್ರಿಗೇಡಿಯರ್. ಅಡ್ಡ ಇಟ್ಟ ಕತ್ತಿ ಮತ್ತೆ ದಂಡ ಕಂಡ್ರೆ ಜನರಲ್ ಸಾಲಿನೋರು. ಕಾಲರ್ ಮೇಲೆ ಕೆಂಪು ಪಟ್ಟಿ ಕರ್ನಲ್‌ನಿಂದ ಮೇಲೆ ಮಾತ್ರ, ಕ್ಯಾಪ್ಟನ್ ಕಾಲರಿಗೆ ಅದು ಬಂದ್ರೆ ಡ್ರೆಸ್‌ಮ್ಯಾನ್ ದಾದಾನ ಪಕ್ಕಕ್ಕೆ ಕರೆದು ಹೇಳಿ, ಎಲ್ರ ಮುಂದೆ ಬೇಡ.

ಸೆಲ್ಯೂಟ್ ಹೇಗೆ ಹೊಡೀಬೇಕು?

ಆರ್ಮಿಲಿ ಅಂಗೈ ಪೂರ್ತಿ ಎದುರಿಗೆ ಕಾಣತ್ತೆ. ನೇವಿಲಿ ಅಂಗೈ ನೆಲದ ಕಡೆಗೆ. ಏರ್‌ಫೋರ್ಸ್‌ನಲ್ಲಿ ಎರಡರ ಮಧ್ಯೆ, 45 ಡಿಗ್ರಿ, 2006ರಿಂದ ಹಾಗೆ ಮಾಡಿದಾರೆ, ಅದಕ್ಕಿಂತ ಹಿಂದಿನ ಕತೆ ಆದ್ರೆ ಆರ್ಮಿ ಥರಾನೇ. ತಲೆ ಮೇಲೆ ಟೋಪಿ ಇಲ್ದೆ ಸೆಲ್ಯೂಟ್ ಇಲ್ಲ, ಸಾವಧಾನ್ ನಿಂತ್ರೆ ಸಾಕು. ಗಡ್ಡ, ಸರ್ದಾರ್‌ಜಿಗಳನ್ನ ಬಿಟ್ರೆ ಆರ್ಮಿಲಿ ಕಾಣಲ್ಲ, ನೇವಿಲಿ ಬಿಡ್ಬಹುದು. ಹಾಗಾಗಿ ಗಡ್ಡ ತೆಗೆಯೋಕೆ ಮನಸ್ಸಿಲ್ದಿದ್ರೆ ನೇವಿ ಪಾತ್ರಕ್ಕೆ ಟ್ರೈ ಮಾಡಿ!

ಬೆರೆ ಕ್ಯಾಪ್ ನನ್ ತಲೆ ಮೇಲೆ ವಿಚಿತ್ರವಾಗಿ ಕಾಣತ್ತೆ, ಯಾಕೆ?

ಬೆರೆ ಅಂದ್ರೆ ಫೌಜಿಗಳು ಒಂದು ಕಡೆ ವಾಲಿಸಿ ಹಾಕೋ ಮೆತ್ತನೆ ದುಂಡು ಟೋಪಿ. ವಿಚಿತ್ರವಾಗಿ ಕಾಣೋದು ಯಾಕಂದ್ರೆ ಅದು ಹೊಸದು. ಅಂಗಡಿಯಿಂದ ತಂದ ಬೆರೆನ ಹಾಗೇ ತಲೆ ಮೇಲೆ ಇಟ್ರೆ ನೀರ್‌ದೋಸೆ ಮುಚ್ಚಿದ ಹಾಗೆ ಕಾಣತ್ತೆ. ನಂಗೆ ಇದನ್ನ ಕಲಿಸಿದ್ದು ಪುಣೆಯ ಒಬ್ರು ರಿಟೈರ್ಡ್ ಹವಾಲ್ದಾರ್. ಬಿಸಿನೀರಲ್ಲಿ ಅದ್ದಿ, ಹಿಂಡದೆ ಒತ್ತಿ ನೀರು ತೆಗೀಬೇಕು, ಒದ್ದೆ ಇರೋವಾಗ್ಲೇ ಹಾಕ್ಕೋಬೇಕು. ಕೆಳಗಿನ ಪಟ್ಟಿ ಹುಬ್ಬಿನ ಮೇಲೆ ಎರಡು ಬೆರಳು ಬಿಟ್ಟು ಸುತ್ತಲೂ ನೆಟ್ಟಗೆ, ಬ್ಯಾಡ್ಜ್ ಎಡಗಣ್ಣಿನ ನೇರಕ್ಕೆ, ಉಳಿದ ಬಟ್ಟೆ ಎಲ್ಲಾ ಬಲಗಡೆಗೆ ಎಳೆದು ಕಿವಿ ಹತ್ರಕ್ಕೆ ತಂದು ಅಂಗೈಯಿಂದ ತಟ್ಟಿ ತಟ್ಟಿ ಕೂರಿಸ್ಬೇಕು. ಹಾಗೇ ತಲೆ ಮೇಲೇ ಒಣಗ್ಬೇಕು, ಫ್ಯಾನ್ ಕೆಳಗೆ ಕೂತ್ಕೊಳ್ಳಿ, ಸ್ಕ್ರಿಪ್ಟ್ ಓದಿ, ಹೆಂಡ್ತಿ ನಗ್ತಾಳೆ ನಗ್ಲಿ. ಒಂದ್ಸಲ ಹಾಗೆ ಆಕಾರಕ್ಕೆ ಬಂತು ಅಂದ್ರೆ ಆ ಬೆರೆನ ಯಾರಿಗೂ ಕೊಡ್ಬೇಡಿ, ಪ್ರೊಡಕ್ಷನ್‌ಗೆ ಹೇಳಿ ನಿಮ್ ಹೆಸರು ಬರೆದು ಇಡ್ಸಿ.

ಬಣ್ಣನೂ ನೋಡ್ಕೊಳ್ಳಿ. ಮರೂನ್ ಅಂದ್ರೆ ಪ್ಯಾರಾ, ಅಂದ್ರೆ ಪ್ಯಾರಾಚೂಟ್ ಪಡೆಯೋರು, ಕಪ್ಪು ಅಂದ್ರೆ ಟ್ಯಾಂಕ್‌ನೋರು, ಇನ್‌ಫಂಟ್ರಿದು ಹೆಚ್ಚಾಗಿ ಹಸಿರು. ಎಲ್ರಿಗೂ ಮರೂನ್ ಹಾಕಿಸೋದು ಈಗಿನ ಫ್ಯಾಷನ್, ಚೆನ್ನಾಗಿ ಕಾಣತ್ತೆ ಅಂತ.

ಕಾಸ್ಟ್ಯೂಮಲ್ಲಿ ಜಾಸ್ತಿ ಎಡವಟ್ಟಾಗೋದು ಎಲ್ಲಿ?

ಕಾಲ ಹೊಂದಿಸೋದ್ರಲ್ಲಿ. ಈಗಿನ ಡಿಜಿಟಲ್ ಥರ ಇರೋ ಕಾಂಬ್ಯಾಟ್ ಡ್ರೆಸ್ ಬಂದಿದ್ದು 2022ರ ಜನವರಿ 15ರ ಆರ್ಮಿ ಡೇ ಪೆರೇಡಲ್ಲಿ, ಅದನ್ನ ಹಾಕ್ಕೊಂಡು ಕಾರ್ಗಿಲ್ ಯುದ್ಧ ಮಾಡಕ್ಕಾಗಲ್ಲ. 2023ರ ಆಗಸ್ಟ್ 1ರಿಂದ ಬ್ರಿಗೇಡಿಯರ್ ಮತ್ತೆ ಮೇಲಿನೋರಿಗೆಲ್ಲ ಒಂದೇ ಥರದ ಯೂನಿಫಾರ್ಮ್, ಯಾವ ರೆಜಿಮೆಂಟಿಂದ ಬಂದಿದ್ರೂ ಬೆರೆ, ಬೆಲ್ಟ್, ಶೂ ಒಂದೇ, ಭುಜಕ್ಕೆ ಹಗ್ಗ ಇಲ್ಲ. ಹಳೇ ಸ್ಟಾಕಿಂದ ತೆಗೆದ ಹಗ್ಗ ಕಟ್ಟಿ ಇವತ್ತಿನ ಬ್ರಿಗೇಡಿಯರ್ ಮಾಡ್ತಾರೆ. ಗನ್ನೂ ಹಾಗೇ: 1962 ಆದ್ರೆ ಪಾಯಿಂಟ್ 303 ರೈಫಲ್, 1971 ಆದ್ರೆ ಎಸ್‌ಎಲ್‌ಆರ್, 1999 ಆದ್ರೆ ಇನ್ಸಾಸ್. ಹೆಸರಿನ ಪಟ್ಟಿ ಬಲ ಎದೆ ಮೇಲೆ, ರಿಬ್ಬನ್ ಎಡಕ್ಕೆ. ಇದೊಂದು ನೆನಪಿಟ್ಕೊಂಡ್ರೆ ಅರ್ಧ ಮಾನ ಉಳಿಯತ್ತೆ.

ಯೂನಿಫಾರ್ಮ್ ಹಾಕ್ಕೊಂಡೇ ಲೋಕಲ್ ಟ್ರೇನಲ್ಲಿ ಮನೆಗೆ ಬರಬಹುದಾ?

ಬೇಡ. ತಮಾಷೆಗೂ ಬೇಡ. ಸೈನಿಕ ಅಂತ ಜನ ನಂಬ್ಲಿ ಅನ್ನೋ ಉದ್ದೇಶದಿಂದ ಸೈನಿಕನ ಥರ ಉಡುಪು ಹಾಕಿದ್ರೆ ಅಪರಾಧ, ಭಾರತೀಯ ನ್ಯಾಯ ಸಂಹಿತೆಯ 168ನೇ ಸೆಕ್ಷನ್, ಮೂರು ತಿಂಗಳವರೆಗೆ ಜೈಲು ಇಲ್ಲಾ 2000 ರೂಪಾಯಿವರೆಗೆ ದಂಡ, ಇಲ್ಲಾ ಎರಡೂ. ನಟನೆ ಮಾಡೋವಾಗ ಆ ಉದ್ದೇಶ ಇರಲ್ಲ, ಸೆಟ್ಟಿಂದ ಹೊರಗೆ ಬಂದ್ರೆ ಆ ವಾದ ಮಾಡ್ತಾ ಪೊಲೀಸ್ ಚೌಕಿಲಿ ಕೂರ್ಬೇಕು. ಸೆಟ್ಟಿಂದ ಯೂನಿಫಾರ್ಮ್ ಸೆಲ್ಫಿ ಹಾಕೋದೂ ತಲೆನೋವೇ, ವಾಟ್ಸಾಪಲ್ಲಿ ಆರ್ಮಿ ಆಫೀಸರ್ ಅಂತ ಹೇಳ್ಕೊಂಡು ಸೋಫಾ ಮಾರ್ತೀನಿ, ಮನೆ ಬಾಡಿಗೆಗೆ ತಗೋತೀನಿ ಅನ್ನೋ ಫ್ರಾಡ್‌ಗಳಿಗೆ ಅಂಥ ಫೋಟೋನೇ ಬೇಕು. ನಮ್ ಸೊಸೈಟಿ ವಾಚ್‌ಮನ್ ಇವತ್ತಿಗೂ ನಂಗೆ ಸೆಲ್ಯೂಟ್ ಹೊಡೀತಾನೆ, ಎಷ್ಟ್ ಹೇಳಿದ್ರೂ ಕೇಳಲ್ಲ, ಅದು ಬೇರೆ ವಿಷ್ಯ.

ಸಿನಿಮಾ ಮಾಡೋಕೆ ಸೇನೆ ಪರ್ಮಿಷನ್ ಬೇಕಾ?

ಅದು ಪ್ರೊಡ್ಯೂಸರ್ ತಲೆನೋವು. ಸೇನೆ ಬಗ್ಗೆ ಸಿನಿಮಾ, ಸೀರೀಸ್ ಮಾಡೋರು ಮೊದ್ಲು ಎನ್‌ಓಸಿ ತಗೊಳ್ಳೋ ಹಾಗೆ ಮಾಡಿ ಅಂತ ರಕ್ಷಣಾ ಸಚಿವಾಲಯ 2020ರಲ್ಲಿ ಸೆನ್ಸಾರ್ ಬೋರ್ಡಿಗೆ ಬರೆದಿತ್ತು. ನಮಗೆ ಆಗೋ ಪರಿಣಾಮ ಏನಪ್ಪಾ ಅಂದ್ರೆ ಸ್ಕ್ರಿಪ್ಟ್ ಬದಲಾಗಿ ಬರತ್ತೆ, ಲಂಚ ತಗೊಳ್ಳೋ ಕರ್ನಲ್ ಅಂತ ಕೇಳಿ ಖುಷಿಪಟ್ಟು ಹೋಗಿರ್ತೀವಿ, ಸೆಟ್ಟಿಗೆ ಹೋಗೋ ಹೊತ್ತಿಗೆ ಅವನು ಒಳ್ಳೆಯವನಾಗಿರ್ತಾನೆ.

ಕನ್ನಡದವ್ರಿಗೆ ಇಂಥ ಪಾತ್ರ ಸಿಗತ್ತಾ? ಹಿಂದಿ ಉಚ್ಚಾರ?

ಇಲ್ಲಿ ಸ್ವಲ್ಪ ಹೊಟ್ಟೆ ಉರಿಯೋ ವಿಷ್ಯ ಇದೆ. ಹಿಂದಿ ಸಿನಿಮಾ ಲೆಕ್ಕದಲ್ಲಿ ಸೈನಿಕ ಅಂದ್ರೆ ಪಂಜಾಬ್, ಹರಿಯಾಣ, ಉತ್ತರಾಖಂಡ. ದಕ್ಷಿಣದೋನು ಅಂದ್ರೆ ಒಬ್ಬ ನಾಯರ್ ಇಲ್ಲಾ ಒಬ್ಬ ಅಯ್ಯರ್, ವೈರ್‌ಲೆಸ್ ಸೆಟ್ ಹತ್ರ ಕೂತಿರ್ತಾನೆ. ಕರಿಯಪ್ಪ, ತಿಮ್ಮಯ್ಯ ಇಬ್ರೂ ಕೊಡಗಿನೋರು, 1949ರ ಜನವರಿ 15ಕ್ಕೆ ಕರಿಯಪ್ಪ ಸೇನೆಯ ಮೊದಲ ಭಾರತೀಯ ದಂಡನಾಯಕ ಆದ್ರು ಅಂತಾನೇ ಆರ್ಮಿ ಡೇ ಮಾಡೋದು, ಬೆಂಗಳೂರಿನ ಹಲಸೂರಲ್ಲೇ ಸೇನೆಯ ಇಂಜಿನಿಯರ್ ದಳ ಮದ್ರಾಸ್ ಸ್ಯಾಪರ್ಸ್ ಇದೆ. ಇಷ್ಟೆಲ್ಲ ಇದ್ದೂ ಕನ್ನಡದ ಹೆಸರಿರೋ ಆಫೀಸರ್ ಪಾತ್ರ ಹುಡ್ಕಿದ್ರೂ ಸಿಗಲ್ಲ. 1965ರಲ್ಲಿ ಸರ್ಗೋಧಾ ದಾಳಿಗೆ ಹೋಗಿ ವಾಪಸ್ ಬರ್ದೇ ಇದ್ದ ಸ್ಕ್ವಾಡ್ರನ್ ಲೀಡರ್ ಅಜ್ಜಮಾಡ ದೇವಯ್ಯ, 1988ರಲ್ಲಿ ಮರಣೋತ್ತರ ಮಹಾವೀರ ಚಕ್ರ, ಅವರಿಂದ ಸ್ಫೂರ್ತಿ ಪಡೆದ ಹಿಂದಿ ಸಿನಿಮಾ 2025ರಲ್ಲಿ ಬಂತು, ಪಾತ್ರದ ಹೆಸರೇ ಬೇರೆ, ಮಾಡಿದ್ದೂ ಕೊಡವರಲ್ಲ. ಕನ್ನಡದಲ್ಲಿ ವಿಷ್ಣುವರ್ಧನ್ 1990ರಲ್ಲೇ ಮುತ್ತಿನಹಾರದಲ್ಲಿ ಕೊಡಗಿನ ಸೈನಿಕನ್ನ ಮಾಡಿ ತೋರಿಸಿದ್ರು.

ಇನ್ನೊಂದು ಸಂಗತಿ ಮುಂಬೈ ಕನ್ನಡದ ಹುಡುಗರಿಗೆ ನಾನು ಯಾವಾಗ್ಲೂ ಹೇಳೋದು. ಶಂಕರ್‌ನಾಗ್ ಇದೇ ಊರಲ್ಲಿ ಮರಾಠಿ ನಾಟಕ ಮಾಡ್ಕೊಂಡಿದ್ದೋರು, 1978ರ ಒಂದಾನೊಂದು ಕಾಲದಲ್ಲಿ ಅವರಿಗೆ ಸಿಕ್ಕಿದ್ದೂ ಸೈನಿಕನ ಪಾತ್ರಾನೇ, ಕೂಲಿಗೆ ಕತ್ತಿ ಹಿಡಿಯೋ ಸೈನಿಕ. ಅದಕ್ಕೆ ಅಂತಾರಾಷ್ಟ್ರೀಯ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಬಂತು.

ಉಚ್ಚಾರಕ್ಕೆ ಬಂದ್ರೆ, ಅಲ್ಪಪ್ರಾಣ ಮಹಾಪ್ರಾಣ ಸರಿ ಇದ್ರೆ ಸಾಕು. ಆರ್ಮಿ ಹಿಂದಿ ಅಂದ್ರೇನೇ ಎಲ್ಲಾ ಊರಿನ ಹಿಂದಿ. ಆಫೀಸರ್ ಇಂಗ್ಲಿಷ್ ಮಾತ್ರ ಚುರುಕಾಗಿರ್ಬೇಕು, ಅಲ್ಲಿ ನಮ್ಮೋರು ಉತ್ತರದವ್ರಿಗಿಂತ ಮುಂದೆ.

ಶುರು ಎಲ್ಲಿಂದ ಮಾಡೋದು?

ಅಂಧೇರಿ ವೆಸ್ಟ್, ವರ್ಸೋವಾದ ಆರಾಮ್ ನಗರ. ಹಳೇ ಬಂಗ್ಲೆಗಳ ಸಾಲು, ಪ್ರತಿ ಗೇಟ್ ಹಿಂದೆ ಒಂದು ಕಾಸ್ಟಿಂಗ್ ಆಫೀಸ್. ಬಾಗಿಲಲ್ಲಿ ಕೂತಿರೋ ಹುಡುಗ ಮೊಬೈಲಿಂದ ಅರ್ಧ ಕಣ್ಣೆತ್ತಿ ನೋಡಿ "ನಾಟ್ ಫಿಟ್" ಅಂತಾನೆ. ಹೆಸರೂ ಕೇಳಿರಲ್ಲ. ಬೇಜಾರು ಮಾಡ್ಕೋಬೇಡಿ, ಪಕ್ಕದ ಗೇಟಿಗೆ ಹೋಗಿ. ಈಗ ಮುಕ್ಕಾಲು ಪಾಲು ಸೆಲ್ಫ್ ಟೇಪಲ್ಲೇ, ಅಂದ್ರೆ ನಾವೇ ಮೊಬೈಲಲ್ಲಿ ಮಾಡಿ ಕಳಿಸೋ ವಿಡಿಯೋದಲ್ಲೇ ನಡೆಯತ್ತೆ, ಆದ್ರೂ ಮುಖ ತೋರಿಸಿ ಬರೋದ್ರಿಂದ ನಷ್ಟ ಇಲ್ಲ. ಆಯ್ಕೆ ಆದ್ಮೇಲೂ ಮೊದ್ಲು "ಹೋಲ್ಡ್", ಆಮೇಲೆ "ಲಾಕ್", ಲಾಕ್ ಅಂದ್ಮೇಲೂ ಹಿಂದಿನ ರಾತ್ರಿ ಕೈ ತಪ್ಪಬಹುದು, ಕಾಲ್ ಶೀಟ್ ಬರೋ ತನಕ ಅಮ್ಮಂಗೆ ಫೋನ್ ಮಾಡ್ಬೇಡಿ.

ದುಡ್ಡು ಕೇಳಿದ್ರೆ ಎದ್ದು ಬನ್ನಿ. ರಿಜಿಸ್ಟ್ರೇಶನ್ ಫೀ, ಯೂನಿಫಾರ್ಮ್ ಅಳತೆ ಫೀ, ಕಾರ್ಡ್ ಮಾಡಿಸಿಕೊಡ್ತೀವಿ, ಎಲ್ಲಾ ಬುರುಡೆ. ಕಲಾವಿದರ ಸಂಘ ಸಿಂಟಾದ ಸದಸ್ಯತ್ವ ಬೇಕಿದ್ರೆ ನೇರ ಅವರ ಆಫೀಸಿಗೆ ಹೋಗಿ.

ದುಡ್ಡು ಎಷ್ಟ್ ಸಿಗತ್ತೆ?

ದಿನದ ಲೆಕ್ಕ, ಒಬ್ಬೊಬ್ರಿಗೆ ಒಂದೊಂದು ರೇಟು, ಹೇಳಿದ್ರೆ ಜಗಳ ಆಗತ್ತೆ. ಹೇಳೋ ಅಂಥದ್ದು ಏನಂದ್ರೆ ಪೇಮೆಂಟ್ ಸಾಮಾನ್ಯವಾಗಿ 90 ದಿನ ಆದ್ಮೇಲೆ, 10 ಪರ್ಸೆಂಟ್ ಟಿಡಿಎಸ್ ಕಟ್, ಕೋಆರ್ಡಿನೇಟರ್ ಮೂಲಕ ಬಂದಿದ್ರೆ ಅವರ ಕಮಿಷನ್ನೂ ಕಟ್. ಒಂದು ಪ್ರೊಡಕ್ಷನ್‌ನೋರು ನಂಗೆ ಇನ್ನೂ ಕೊಟ್ಟಿಲ್ಲ, ಆ ಸೀರೀಸ್ ಬಂದು, ಜನ ಮರೆತು, ಆಫೀಸೂ ಖಾಲಿ ಆಯ್ತು. ಅದಕ್ಕೇ ಎಷ್ಟು, ಯಾವಾಗ ಅನ್ನೋದನ್ನ ಮೇಲ್‌ನಲ್ಲಿ ಬರೆಸ್ಕೊಳ್ಳಿ, ವಾಯ್ಸ್ ನೋಟ್ ನಂಬ್ಬೇಡಿ.

ಇದೇ ಮಾಡ್ತಾ ಇದ್ರೆ ಟೈಪ್‌ಕಾಸ್ಟ್ ಆಗಲ್ವಾ?

ಆಗೇ ಆಗತ್ತೆ, ಆಗಿದೀನಿ. ಕೂದ್ಲೇ ಮೊದ್ಲ ಸಮಸ್ಯೆ, ಆರ್ಮಿ ಕಟ್ ಮಾಡ್ಸಿದ್ರೆ ಆ ತಿಂಗಳು ಬೇರೆ ಯಾವ ಪಾತ್ರಕ್ಕೂ ಕರೆಯಲ್ಲ, ಕೂದ್ಲು ಬಿಟ್ರೆ ಆರ್ಮಿ ಪಾತ್ರ ಹೋಗತ್ತೆ. ಆದ್ರೆ ಈ ಊರಲ್ಲಿ ಟೈಪ್ ಇಲ್ದೇ ಇರೋನಿಗೆ ಬಾಡಿಗೆ ಕಟ್ಟೋದು ಇನ್ನೂ ಕಷ್ಟ. ಕಾಸ್ಟಿಂಗ್‌ನೋರ ಫೋಲ್ಡರಲ್ಲಿ "ಆರ್ಮಿ, 45 ಪ್ಲಸ್" ಅಂತ ಇರತ್ತಲ್ಲ, ಅದರೊಳಗೆ ಇರೋದೇ ನನ್ ಪಿಎಫ್.

ಬೋರ್ ಆಗ್ದೇ ಇರೋಕೆ ಒಂದು ಕೆಲಸ ಮಾಡ್ತೀನಿ. ಪ್ರತಿ ಕರ್ನಲ್‌ಗೂ ಸ್ಕ್ರಿಪ್ಟಲ್ಲಿ ಇಲ್ದೇ ಇರೋ ಒಂದು ಚಿಂತೆ ಕೊಡ್ತೀನಿ, ಒಬ್ಬನ ಮಗಳ ಸಿಇಟಿ ರಿಸಲ್ಟ್ ಇವತ್ತಿದೆ, ಇನ್ನೊಬ್ಬನಿಗೆ ಬೋರ್ಡಲ್ಲಿ ಪ್ರಮೋಷನ್ ತಪ್ಪಿದೆ. ಯಾರಿಗೂ ಹೇಳಲ್ಲ. ಮಾನಿಟರ್ ನೋಡಿದ ಡಿಒಪಿ, ಅಂದ್ರೆ ಛಾಯಾಗ್ರಾಹಕರು ಒಬ್ರು ಒಂದ್ಸಲ "ಇವತ್ತಿನ ಬ್ರಿಗೇಡಿಯರ್ ಸ್ವಲ್ಪ ಬೇರೆ" ಅಂದಿದ್ರು, ನಂಗೆ ಅವತ್ತು ಊಟ ಸೇರ್ಲಿಲ್ಲ, ಖುಷಿಗೆ.

ಹೆಣ್ಮಕ್ಕಳಿಗೆ?

ಜಾಸ್ತಿ ಆಗ್ತಿದೆ. ಮೊದ್ಲೆಲ್ಲ ಆರ್ಮಿ ಡಾಕ್ಟರ್ ಇಲ್ಲಾ ನರ್ಸ್. 1992ರಿಂದ ಬೇರೆ ವಿಭಾಗಗಳಲ್ಲೂ ಹೆಣ್ಮಕ್ಕಳು ಆಫೀಸರ್ ಆಗ್ತಿದಾರೆ, 2025ರ ಮೇ 30ಕ್ಕೆ ಸೇನಾ ಅಕಾಡೆಮಿ ಎನ್‌ಡಿಎಯಿಂದ ಮೊದಲ 17 ಹುಡುಗೀರ ಬ್ಯಾಚ್ ಪಾಸ್ ಔಟ್ ಆಯ್ತು, ಕತೆ ಬರೆಯೋರು ತಡವಾಗಿಯಾದ್ರೂ ಎಚ್ಚೆತ್ತಿದಾರೆ. ಮಾಡ್ಬೇಡಿ ಅನ್ನೋದು ಒಂದೇ, ದನಿ ಗಡಸು ಮಾಡೋದು.

ಆರ್ಮಿಯೋರನ್ನ ನೋಡಿ ಕಲಿಯೋಕೆ ಎಲ್ಲಿಗೆ ಹೋಗ್ಲಿ?

ಪುಣೆಗೆ. ಖಡಕ್‌ವಾಸ್ಲಾದಲ್ಲಿ ಎನ್‌ಡಿಎ, ಕ್ಯಾಂಪಲ್ಲಿ ಸದರ್ನ್ ಕಮಾಂಡ್, ರಿಟೈರ್ ಆಗಿ ಅಲ್ಲೇ ಮನೆ ಮಾಡ್ಕೊಂಡಿರೋರು ಗಲ್ಲಿಗೊಬ್ರು. ಬೆಳಿಗ್ಗೆ ಈಸ್ಟ್ ಸ್ಟ್ರೀಟಲ್ಲಿ ಕಯಾನಿ ಬೇಕರಿ ಮುಂದೆ ಕ್ಯೂ ನಿಲ್ಲಿ, ಬಿಸ್ಕೆಟ್ಟೂ ಆಯ್ತು ಪಾಠನೂ ಆಯ್ತು. ಎಪ್ಪತ್ತು ದಾಟಿದ ಕರ್ನಲ್ ಕ್ಯೂನಲ್ಲಿ ನಿಲ್ಲೋದನ್ನ ನೋಡಿ: ಎರಡೂ ಕಾಲಿನ ಮೇಲೆ ಸಮ ಭಾರ, ಫೋನ್ ಜೇಬಲ್ಲಿ, ಯಾರಾದ್ರೂ ನಡುವೆ ನುಗ್ಗಿದ್ರೆ ಜಗಳ ಇಲ್ಲ, ಬರೀ ಒಂದು ನೋಟ, ನುಗ್ಗಿದೋನು ತಾನಾಗೇ ಹಿಂದಕ್ಕೆ ಹೋಗ್ತಾನೆ. ನಾಕಾರು ಸೀನಿಗೆ ಅದೊಂದು ನೋಟನೇ ನಂಗೆ ಬಂಡವಾಳ ಆಗಿದೆ. ಆಕ್ಟಿಂಗ್ ಕೋರ್ಸೇ ಬೇಕು ಅನ್ನೋರಿಗೆ ಲಾ ಕಾಲೇಜ್ ರೋಡಲ್ಲಿ ಎಫ್‌ಟಿಐಐ ಇದೆ, ಹಳೇ ಪ್ರಭಾತ್ ಸ್ಟುಡಿಯೋ ಜಾಗ, ನಮ್ ಗಿರೀಶ್ ಕಾರ್ನಾಡರು 1974ರಲ್ಲಿ ಅಲ್ಲಿ ಡೈರೆಕ್ಟರ್ ಆಗಿದ್ರು.

ಗನ್ ನಿಜವಾದ್ದಾ?

ದೂರದ ಶಾಟಿಗೆ ರಬ್ಬರ್, ಹತ್ತಿರಕ್ಕೆ ಡಮ್ಮಿ, ಹೊಡೆಯೋ ಶಾಟಿಗೆ ಬ್ಲ್ಯಾಂಕ್. ಬ್ಲ್ಯಾಂಕ್ ಅಂತ ಸದರ ಮಾಡ್ಕೋಬೇಡಿ, ಹತ್ರದಿಂದ ಅದೂ ಗಾಯ ಮಾಡತ್ತೆ. 2021ರಲ್ಲಿ ಅಮೆರಿಕದ ಸೆಟ್ ಒಂದರಲ್ಲಿ ಪ್ರಾಪ್ ಅಂತ ಕೊಟ್ಟ ಗನ್ನಿಂದ ನಿಜವಾದ ಗುಂಡು ಹಾರಿ ಸಿನಿಮಾಟೋಗ್ರಾಫರ್ ಹಲಿನಾ ಹಚಿನ್ಸ್ ತೀರ್ಕೊಂಡ್ರು. ಕೈಗೆ ಕೊಟ್ಟಾಗ ಖಾಲಿ ಇದೆಯಾ ಅಂತ ಎದುರಿಗೇ ತೆಗೆದು ತೋರಿಸೋಕೆ ಹೇಳಿ, ಬೆರಳು ಟ್ರಿಗರ್ ಹೊರಗೇ ಇರ್ಲಿ. ನೋಡೋಕೂ ಅದೇ ಸರಿ, ಕಲಿತ ಸೈನಿಕ ಸುಮ್ನೆ ಟ್ರಿಗರ್ ಮುಟ್ಟಲ್ಲ.

ನಂಗೂ ಒಂದು ಪಾತ್ರ ಕೊಡ್ಸಿ ಸಾರ್.

ಕೊಡ್ಸೋ ಅಧಿಕಾರ ನಂಗಿಲ್ಲ. ಆದ್ರೆ ಇಷ್ಟು ರೆಡಿ ಮಾಡ್ಕೊಳ್ಳಿ: ಮೊಬೈಲ್ ಅಡ್ಡ ಇಟ್ಟು, ಬಿಳಿ ಗೋಡೆ ಮುಂದೆ, ಕಿಟಕಿ ಬೆಳಕಲ್ಲಿ, ಫ್ಯಾನ್ ಆಫ್ ಮಾಡಿ, ಹೆಸರು, ವಯಸ್ಸು, ಎತ್ತರ, ಬರೋ ಭಾಷೆಗಳು, ಈಗಿರೋ ಊರು ಹೇಳಿ, ಎಡ ಬಲ ತಿರುಗಿ ತೋರಿಸಿ. ಪ್ಲೇನ್ ಶರ್ಟ್ ಹಾಕಿ, ಬಾಡಿಗೆ ಯೂನಿಫಾರ್ಮ್ ಹಾಕ್ಬೇಡಿ, ಅದನ್ನ ಹಾಕಿ ಕಳಿಸಿದೋರ ವಿಡಿಯೋ ನೋಡಿ ಆಫೀಸಲ್ಲಿ ನಗ್ತಾರೆ. ಕನ್ನಡ ಬರತ್ತೆ ಅನ್ನೋದನ್ನ ಮೊದ್ಲೇ ಹೇಳಿ, ಡಬ್ಬಿಂಗಿಗಾದ್ರೂ ಕರೀತಾರೆ. ಆಮೇಲೆ ಅದನ್ನ ನಂಗಲ್ಲ, ಕಾಸ್ಟಿಂಗ್‌ನೋರಿಗೆ ಕಳಿಸಿ. ನಲವತ್ತೈದು ದಾಟಿದ ಕರ್ನಲ್ ಪಾತ್ರ ಆದ್ರೆ ಅದೇ ಗ್ರೂಪಲ್ಲಿ ನನ್ ವಿಡಿಯೋನೂ ಬಿದ್ದಿರತ್ತೆ, ನಾನೇನ್ ಬಿಟ್ಟುಕೊಡಲ್ಲ.